ಹಳೆಯ ದೋಷ: ಇಲ್ಲ

ನನಗ ಕಲಾ ತಿಳಿಯೂದಿಲ್ರಿ. ಪೆಟಿಗಿ ತಿಳೀತದ.
ಸೋಲಾಪುರದಾಗ, ಅಕ್ಕಲಕೋಟ ರಸ್ತಾದ ಆರಾ ಮಶಿನ್ ಬಾಜೂಕ
ಶಾಕಾಂಬರಿ ಬಾಯಿಯ ಪೆಟಿಗಿ ಎಲ್ಲಾ ನಾನೇ ಬಡದೇನಿ.
ಹದಿನೇಳು ವರ್ಷ. ಒಂದು ಮೊಳಿ ತುಕ್ಕು ಹಿಡದಿಲ್ಲ.

ಹೆಲ್ಸಿಂಕಿ, ಲಿಸ್ಬನ್, ಸಿಯೋಲ್, ನೈರೋಬಿ,
ಊರು ನನಗ ಹೆಸರೀಲೆ ಅಲ್ಲ, ಗಾಳೀಲೆ ಗೊತ್ತು:
ಹಸಿ ಗಾಳಿ ಊರಿಗೆ ಸಿಲಿಕಾ ಪುಡಿ ಎರಡು ಚೀಲ,
ಒಣಾ ಊರಿಗೆ ಒಂದು ಸಾಕು.

ಒಳಗ ಏನಿತ್ತಂದ್ರ, ಅಕಿ ಅದಕ್ಕೊಂದು ಉದ್ದನ್ನ ಹೆಸರಿಟ್ಟಿದ್ಳು.
ನಾವು ಅನ್ನೂದು ಜಕಾರ್ಡಿನ ಪುಠ್ಠಾ.
ತೂತು ಇದ್ದಲ್ಲಿ ಎಳಿ ಏಳತದ, ಇಲ್ಲದಲ್ಲಿ ಕೂಡತದ,
ಇಷ್ಟರಾಗ ಚಾದರದಾಗ ನವಿಲು.
ಅಕಿ ಅಪ್ಪ ಈರಭದ್ರಪ್ಪ ತೂತು ಹೊಡಿಯಾಂವ,
ಸಾಖರ ಪೇಠದಾಗ, ಒಂದು ಬಲ್ಬಿನ ಕೆಳಗ.

ಮನ್ಯಾಗ ಕನ್ನಡ, ಮಗ್ಗದ ಮುಂದ ತೆಲುಗು,
ರೇಶನ್ ಪಾಳಿ ಹಚ್ಚಿದ್ರ ಮರಾಠಿ, ನೂಲಿನ ಸಾಹುಕಾರನ ಸಂಗಡ ಉರ್ದು.
ಯಾರಿಗೆ ಯಾವ ಮಾತಿನ್ಯಾಗ ‘ಆಗೂದಿಲ್ಲ’ ಅನಬೇಕು ಅನ್ನೂದು
ಎಂಟು ತುಂಬೂದ್ರಾಗ ಅಕಿಗೆ ಬರ್ತಿತ್ತು.
ರಾಯಭಾರ ಕಚೇರ್ಯಾಗ ಇದಕ್ಕ ಪಗಾರ ಕೊಡ್ತಾರಂತ
ಮುಂದ ಗೊತ್ತಾತು.

ಮಾತು ಬಿಟ್ಟ ಎರಡು ದೇಶ ಇದ್ವಂತ.
ನಡುವಿನ ಪಡಸಾಲ್ಯಾಗ ಪುಠ್ಠಾದ ಮಾಲಿ ತೂಗಬಿಟ್ಟಳು.
ಕ್ಯಾಮೆರಾ ತೂತು ಓದಬೇಕು, ತೂತಿಗೊಂದು ದನಿ ಬರಬೇಕು.
ಒಂದೇ ಕಡೆ ಮಂದಿ ನಿಂತ್ರ ಅರ್ಧಾ ಮಗ್ಗ ಬಡೀತದ,
ಎರಡೂ ಕಡೆ ನಿಂತ್ರ ಪೂರಾ.
ಮೂರು ದಿನ ಅರ್ಧಾನೇ ಬಡೀತಂತ.
ನಾಕನೇ ದಿನ ಆಚಿ ಕಡೆ ಬಂದು ನಿಂತಾಕಿ
ನೆಲಾ ಒರಸೋ ಹೆಣಮಗಳು, ಬಕೀಟು ಹಿಡಕೊಂಡು.
ಒಪ್ಪಂದ ಆತೋ ಬಿಟ್ಟಿತೋ, ಅಕಿ ಹೇಳಲಿಲ್ಲ.
ಪೆಟಿಗಿ ಮೂಲಿ ಜಜ್ಜಿಸಿಕೊಂಡು ಬಂತು.

ಆ ಮಾಲ್ಯಾಗ ಒಂದು ಜಾಗಾದಾಗ ದನಿ ಬಿಟ್ಟ ಹೋಗ್ತಿತ್ತು.
ಬಡಿತ, ಬಡಿತ, ಒಂದು ಉಸಿರು, ಬಡಿತ.
ಅದರ ಮ್ಯಾಲ ದೊಡ್ಡವರು ಪುಟಗಟ್ಟಲೆ ಬರದಾರ,
ಮೌನ ಅಂದ್ರು, ಗಡಿ ಅಂದ್ರು,
ಅಕೀನೂ ಭಾಷಣದಾಗ ಹೌದಂದ್ಳು.
ವಿಮಾ ಕಾಗದದಾಗ ನಲವತ್ತು ಲಕ್ಷ.
ಸ್ಥಿತಿ ವರದಿಯೊಳಗ, ಹೋಗೂ ಮುಂದ ಬರೂ ಮುಂದ,
ಹಳೆಯ ದೋಷ: ಇಲ್ಲ.

ಹ್ವಾದ ಛಳಿಗಾಲಕ್ಕ ಅದನ್ನ ಊರಿಗೆ ತಂದ್ಳು,
ಬಂದಾದ ಗಿರಣಿಯ ಬಣ್ಣದ ಖಾತ್ಯಾಗ ತೂಗಿದ್ಳು.
ಪಾಟಿ ಮ್ಯಾಲ ಯಾವ ಭಾಷಾ ಮ್ಯಾಲ, ಯಾವುದು ಕೆಳಗ ಅಂತ
ಎರಡು ಕಡೆಯವರು ಬಂದು ಕೂತ್ರು. ಚಹಾ ಆತು. ಮತ್ತ ಚಹಾ ಆತು.
ತಿರುಗೂ ಪಾಟಿ ಮಾಡು ಅಂತ ನನಗ ಹೇಳಿದ್ಳು.
ಗಾಳಿ ಬೀಸಿದಾಗ ಯಾವುದು ಮುಂದ ಬರತದೋ ಅದು.

ರಾಜಯ್ಯ ಚಿಲಕಾ, ಹಳೇ ಜಾಬರ, ಬಂದ.
ಮಗ್ಗದಾಗೇ ಕಿವಿ ಹೋದವ, ದನಿ ಎಲ್ಲಿ ಕೇಳಬೇಕು.
ಪುಠ್ಠಾ ಬೆಳಕಿಗೆ ಹಿಡದು ಬೆರಳು ಆಡಿಸಿಕೋತ ಹ್ವಾದ,
ಬೆಳಕಿಲ್ಲದ ಒಂದು ಜಾಗಾಕ್ಕ ನಿಂತ.
‘ಇಕ್ಕಡ ತಪ್ಪು,’ ಅಂದ, ಜೋರಾಗಿ, ಕಿವುಡರ ಗತ್ಲೆ.
‘ಈರಭದ್ರಪ್ಪ ತೂತು ಮರತ. ನವಿಲಿನ ಕೊಳ್ಳಾಗ ಎಳಿ ಬಿಡ್ತು.
ಅರವತ್ತು ಚಾದರ ವಾಪಸ್. ಹನ್ನೊಂದು ರೂಪಾಯಿ ಪಗಾರ ಕತ್ತರಿಸಿದ್ರು.
ಛಲೋ ಪುಠ್ಠಾ ಎಲ್ಲಾ ಗಿರಣಿ ಸಂಗಡ ರದ್ದಿಗೆ ಹ್ವಾದ್ವು.
ಇದೊಂದನ್ನ ಸಿಟ್ಟೀಲೆ ಮನಿಗೆ ಒಯ್ದಿದ್ದ.’

ಅಕಿ ಕೇಳಿದ್ದು ಇಷ್ಟ: ಎಷ್ಟನೇ ಸಾಲು?
ಕಪಾಟಿನ್ಯಾಗಿನ ವರದಿ ತಗದು, ನಾ ಕುಂತಲ್ಲೇ,
‘ಇಲ್ಲ’ದ ಮ್ಯಾಲ ಗೆರಿ ಎಳದು ಬರದ್ಳು:
ತೂತು, ಒಂದು, ಹೊಡದಿಲ್ಲ. ಹನ್ನೊಂದು ರೂಪಾಯಿ.

ವಿಮಾದವರು ಕೇಳ್ಯಾರು, ಬಾಯಿ, ಅಂದ್ನಿ,
ಪೆಟಿಗೀದ ತಪ್ಪಲ್ಲ ಅಂತ ಬರೀರಿ.
ಅದನ್ನೂ ಬರದ್ಳು.